ಗೋಡೆಗೆ ನಿಂತವಳು

ಬಾಗಿಲ ಮುಂದಿನ ಹಲಗೆ ಹೊಸದು. ಅದರ ಮೇಲೆ ಕಾಲಿಟ್ಟಾಗಲೆಲ್ಲ ಮಸ್ನಿಯಾಳಿಗೆ ಮೈ ಉರಿಯುತ್ತಿತ್ತು. ಓಣಿಯ ಉಳಿದ ಹಲಗೆಗಳೆಲ್ಲ ಅಜ್ಜನ ಕಾಲದ ಉಲಿನ್ ಮರದವು. ಕೆಳಗೆ ಹೊಳೆಯ ನೀರು ಎಷ್ಟು ಏರಿಳಿದರೂ, ಜಪ್ಪಯ್ಯ ಅಂದರೂ ಅಲುಗದೆ ಕಪ್ಪಗೆ ಕೂತಿದ್ದವು. ಇದೊಂದು ಮಾತ್ರ ಬಿಳಿಚಿಕೊಂಡ ಅಗ್ಗದ ಹಲಗೆ. ಇದಕ್ಕೆ ಮೊದಲು ಅಲ್ಲಿದ್ದ ಇನ್ನೊಂದು ಅಗ್ಗದ ಹಲಗೆ ಕೊಳೆತು ಮುರಿದು ಅಮ್ಮ ಕೆಳಗೆ ಬಿದ್ದ ಮೇಲೆ ಅಕ್ಕಪಕ್ಕದವರು ತಂದು ಮೊಳೆ ಹೊಡೆದದ್ದು. ಉಳಿದವು ದಬ್ ಎನ್ನುತ್ತಿದ್ದವು, ಇದು ಕುಯ್ ಎನ್ನುತ್ತಿತ್ತು. ನೀರಿನ ಮೇಲೆ ಕಂಬ ನೆಟ್ಟು ಕಟ್ಟಿದ ಈ ಓಣಿಯಲ್ಲಿ ಹುಟ್ಟಿ ಬೆಳೆದವರಿಗೆ ಕಣ್ಣಿಗಿಂತ ಕಿವಿಯೇ ಚುರುಕು. ಯಾರು ಬರುತ್ತಿದ್ದಾರೆ, ಉಂಡು ಬರುತ್ತಿದ್ದಾರೋ ಹಸಿದು ಬರುತ್ತಿದ್ದಾರೋ, ಜಗಳಕ್ಕೆ ಬರುತ್ತಿದ್ದಾರೋ ಒಂದು ಹಿಡಿ ಉಪ್ಪಿಗೆ ಬರುತ್ತಿದ್ದಾರೋ, ಎಲ್ಲವನ್ನೂ ಹಲಗೆಯೇ ಮುಂಚಿತವಾಗಿ ಹೇಳಿಬಿಡುತ್ತಿತ್ತು. ಚಿಕ್ಕಂದಿನಲ್ಲಿ ಅಪ್ಪನ ಹೆಜ್ಜೆ ತಿರುವಿನಲ್ಲಿ ಕೇಳಿಸಿದ ಕೂಡಲೇ ಅವಳು ಪುಸ್ತಕ ತೆರೆಯುತ್ತಿದ್ದಳು, ಅಮ್ಮ ಒಲೆಗೆ ಪಾತ್ರೆ ಇಡುತ್ತಿದ್ದಳು. ಹಾಗೆ ಕಿವಿಯಿಂದ ಬದುಕಿದವಳಿಗೆ ಅವತ್ತೊಂದು ದಿನ ಕಿವಿ ಕೇಳಲಿಲ್ಲ. ಅಷ್ಟೇ ನಡೆದದ್ದು. ಅಷ್ಟೇ ಎಂದು ತನಗೆ ತಾನೇ ಹೇಳಿಕೊಂಡಾಗಲೆಲ್ಲ ಆ ಹಲಗೆ ಕುಯ್ ಎಂದು ಸುಳ್ಳು ಎನ್ನುತ್ತಿತ್ತು.

"ಎಲ್ಲಿಗೆ ಹೊರಟೆ, ಗಾಲುಹ್?" ಎಂದಳು ಅಮ್ಮ ಕಿಟಕಿಯ ಪಕ್ಕದ ಕುರ್ಚಿಯಿಂದ. ನಲವತ್ತು ಹತ್ತಿರ ಬಂದರೂ ಅಮ್ಮನಿಗೆ ಅವಳು ಗಾಲುಹ್, ಪುಟ್ಟ ಹುಡುಗಿ.

"ಅಂಗಡಿಗೆ."

"ಯಾವ ಅಂಗಡಿ? ಗುಂಡು ಹೊಡಿಯೋ ಅಂಗಡಿನಾ?"

"ಹೂಂ."

"ಹೊಡಿಯೋಕೋ, ಹೊಡಿಸ್ಕೊಳ್ಳೋಕೋ?"

ಮಸ್ನಿಯಾ ಚಪ್ಪಲಿ ಮೆಟ್ಟಿದಳು. ಅಮ್ಮನಿಗೆ ಇಷ್ಟೆಲ್ಲ ಹೇಗೆ ಗೊತ್ತಾಗುತ್ತದೋ. ಸೊಂಟ ಮುರಿದುಕೊಂಡು ಕುರ್ಚಿಯಲ್ಲಿ ಕೂತ ಮೇಲೆ ಅವಳು ಊರಿನ ಸುದ್ದಿಯನ್ನೆಲ್ಲ ಕಿಟಕಿಯಿಂದಲೇ ಸೋಸಿ ತೆಗೆಯುತ್ತಿದ್ದಳು. ಒಂದನ್ನು ಬಿಟ್ಟು ಎಲ್ಲದರ ಬಗ್ಗೆಯೂ ಮಾತಾಡುತ್ತಿದ್ದಳು. ಅವತ್ತಿನ ಬಗ್ಗೆ ಮಾತ್ರ ಇಲ್ಲ. ಬೈದಿದ್ದರೆ ಮಸ್ನಿಯಾ ತಿರುಗಿ ಬೈಯುತ್ತಿದ್ದಳು, ಅತ್ತಿದ್ದರೆ ತಾನೂ ಅತ್ತು ಹಗುರಾಗುತ್ತಿದ್ದಳು. ಈ ತಾಯಿ ಎರಡನ್ನೂ ಮಾಡದೆ ಮೀನು ಸರಿಯಾಗಿ ಹುರಿದಿಲ್ಲ ಎಂದು ತಕರಾರು ತೆಗೆಯುತ್ತಿದ್ದಳು.

ನಾಳೆ ಪಂದ್ಯ. ಬಂಜಾರ್ಮಾಸಿನ್ ಊರಿನ ಕಂಪ್ಯೂಟರ್ ಅಂಗಡಿಗಳೆಲ್ಲ ತಂತಮ್ಮ ತಂಡ ಇಳಿಸುವ ಗುಂಡಿನಾಟ. ತಂಡಕ್ಕೆ ನಾಲ್ಕು ಜನ, ನಾಲ್ವರಿಗೂ ಒಂದೇ ಬಗೆಯ ವಿಶೇಷ ಕವಚ, ಯಾವುದೆಂದು ಇವತ್ತು ಸಂಜೆಯೊಳಗೆ ತಿಳಿಸಬೇಕು. ಆಟದಲ್ಲಿ ಆ ಕವಚಗಳಿಗೆ ಏನೇನೋ ದೊಡ್ಡ ಹೆಸರುಗಳಿದ್ದವು; ಇವರ ಅಂಗಡಿಯಲ್ಲಿ ಯಾರೂ ಆ ಹೆಸರು ಹಿಡಿದು ಕರೆಯುತ್ತಿರಲಿಲ್ಲ. ಎಷ್ಟು ಗುಂಡು ಬಿದ್ದರೂ ತಡೆಯುವ, ಕತ್ತಿನವರೆಗೂ ಮುಚ್ಚುವ ಭಾರಿ ಕವಚಕ್ಕೆ ಉಲಿನ್ ಎಂದು ಹೆಸರು. ನಾಲ್ಕು ಗುಂಡಿಗೆ ಹರಿದು ಹೋಗುವ ಹಗುರ ಕವಚಕ್ಕೆ ಪುರುನ್. ಪುರುನ್ ಎಂದರೆ ಕೆರೆಯಂಚಿನ ಹುಲ್ಲು, ಚಾಪೆ ಹೆಣೆಯುವುದು ಅದರಿಂದಲೇ. ಚಾಪೆ ಸುತ್ತಿಕೊಂಡು ಯುದ್ಧಕ್ಕೆ ಹೋಗುವವರು ಯಾರು ಎಂದು ತಂಡದ ನಾಯಕ ರಿಫಾನಿ ಕೇಳಿದಾಗ ಎಲ್ಲರೂ ನಕ್ಕಿದ್ದರು. ಮಸ್ನಿಯಾಳೂ ನಕ್ಕಿದ್ದಳು. ನಗದಿದ್ದರೆ ತಂಡದ ನಾಲ್ಕನೆಯ ಕುರ್ಚಿ ಇನ್ನಷ್ಟು ದೂರ ಹೋದೀತೆಂಬ ಹೆದರಿಕೆ.

ನಾಲ್ಕನೆಯ ಕುರ್ಚಿ ಅವಳದೇ ಆಗಿತ್ತು. ಮನೆಯಲ್ಲಿ ಸಾಸಿರಂಗನ್ ಬಟ್ಟೆಗೆ, ಬಣ್ಣದಲ್ಲಿ ಅದ್ದುವ ಮೊದಲು, ದಾರ ಬಿಗಿಯುತ್ತ ಕೂರುವ ಹೆಂಗಸು, ಬೆರಳ ತುದಿಯಲ್ಲಿ ಯಾವಾಗಲೂ ಬಣ್ಣದ ಕಲೆ ಇರುವ ಹೆಂಗಸು ಈ ಆಟದಲ್ಲಿ ಹುಡುಗರನ್ನೆಲ್ಲ ಹಿಂದೆ ಹಾಕಿದಾಗ ಅಂಗಡಿಯಲ್ಲಿ ಸುದ್ದಿಯಾಗಿತ್ತು. ಅಚಿಲ್ ಬಂದಳು, ಅಚಿಲ್ ಬಂದಳು ಎಂದು ಜಾಗ ಬಿಡುತ್ತಿದ್ದರು. ಅಚಿಲ್ ಎಂದರೆ ಚಿಕ್ಕಮ್ಮ. ತಿಂಡಿ ಮಾರುವವಳೂ ಅಚಿಲ್, ಪಕ್ಕದ ಮನೆಯವಳೂ ಅಚಿಲ್, ಮರ್ಯಾದೆಗೂ ಅದೇ ಪದ, ತಮಾಷೆಗೂ ಅದೇ. ಅಮ್ಮ ಬಿದ್ದ ಮೇಲೆ ಅವಳು ಹೆಡ್‌ಫೋನನ್ನು ಒಂದೇ ಕಿವಿಗೆ ಹಾಕಲು ಶುರುಮಾಡಿದಳು. ಮನೆಯಲ್ಲಿ ಮಾತ್ರವಲ್ಲ, ಅಂಗಡಿಯಲ್ಲೂ. ಕೈ ತಾನಾಗಿ ಎಡಗಡೆಯದನ್ನು ಕೆನ್ನೆಯ ಮೇಲಕ್ಕೆ ತಳ್ಳಿಬಿಡುತ್ತಿತ್ತು. ಒಂದು ಕಿವಿಯಿಂದ ಕೇಳಿದರೆ ಶತ್ರು ಎಡಕ್ಕಿದ್ದಾನೋ ಬಲಕ್ಕಿದ್ದಾನೋ ತಿಳಿಯುವುದಿಲ್ಲ. ಬಲಕ್ಕೆ ತಿರುಗಿ ನಿಲ್ಲುತ್ತಿದ್ದಳು, ಎಡದಿಂದ ಬಂದು ಹೊಡೆಯುತ್ತಿದ್ದರು. ಒಂಟಿಕಿವಿ ಅಚಿಲ್ ಎಂಬ ಹೆಸರು ಬಿತ್ತು. ಆಮೇಲೆ ರಿಫಾನಿ ಬಹಳ ಗೌರವದಿಂದ, ಬಹುವಚನದಲ್ಲಿ, ಸ್ವಲ್ಪ ದಿನ ವಿಶ್ರಾಂತಿ ತಗೊಳ್ಳಿ ಅಚಿಲ್ ಎಂದ. ವಿಶ್ರಾಂತಿ ಎಂದರೆ ಗೋಡೆಗೆ ನಿಲ್ಲುವುದು.

ಗೋಡೆಗೆ ನಿಲ್ಲುವುದು ಆ ಅಂಗಡಿಯ ಹಳೆಯ ಪದ್ಧತಿ. ಹೊಸ ಕವಚ ಬಂದರೆ ಯಾರಾದರೊಬ್ಬರು ಅದನ್ನು ತೊಟ್ಟು, ಆಟದೊಳಗಿನ ಖಾಲಿ ಗೋದಾಮಿನಲ್ಲಿ, ಗೋಡೆಗೆ ಮುಖ ಮಾಡಿ, ಅಲುಗಾಡದೆ ನಿಲ್ಲಬೇಕು. ಇನ್ನೊಬ್ಬರು ತುಕ್ಕು ಹಿಡಿದ ಪೀಪಾಯಿಯ ಪಕ್ಕ ನಿಂತು ಬೆನ್ನಿಗೆ ಹೊಡೆಯಬೇಕು. ಉಳಿದವರು ಹೊಡೆಯುವವನ ಕುರ್ಚಿಯ ಹಿಂದೆ ಗುಂಪುಕಟ್ಟಿ ಬಿದ್ದ ಗುಂಡನ್ನು ಜೋರಾಗಿ ಎಣಿಸಬೇಕು, ಹಾಡಿನ ಪಲ್ಲವಿಯ ಹಾಗೆ. ಹೆಚ್ಚು ಗುಂಡು ತಡೆದದ್ದು ಒಳ್ಳೆಯ ಕವಚ. ಹೊಡೆಯುವವನ ಪರದೆಯನ್ನು ಎಲ್ಲರೂ ನೋಡುತ್ತಿದ್ದರು. ನಿಂತವಳ ಪರದೆಯನ್ನು ಯಾರೂ ನೋಡುತ್ತಿರಲಿಲ್ಲ. ಅದರಲ್ಲಿ ಇರುವುದಾದರೂ ಏನು, ಬಿರುಕು ಬಿಟ್ಟ ಒಂದು ಹಸಿರು ಗೋಡೆ. ಆ ಬಿರುಕು ಯಾವ ಕಡೆ ಕವಲೊಡೆಯುತ್ತದೆ, ಯಾವ ಇಟ್ಟಿಗೆಯ ಮೂಲೆ ಒಡೆದಿದೆ ಎಂಬುದೆಲ್ಲ ಅವಳಿಗೆ ಕಣ್ಣು ಮುಚ್ಚಿದರೂ ಕಾಣುತ್ತಿತ್ತು. ಅವಳು ನಿಲ್ಲುತ್ತಿದ್ದಳು, ಬೀಳುತ್ತಿದ್ದಳು, ಮತ್ತೆ ಎದ್ದು ನಿಲ್ಲುತ್ತಿದ್ದಳು. ಪ್ರತಿ ಸಲವೂ ರಿಫಾನಿ, ಇದೊಂದು ಪರೀಕ್ಷೆ ಮುಗೀಲಿ ಅಚಿಲ್, ನಿಮ್ಮ ಕುರ್ಚಿ ವಿಚಾರ ನೋಡೋಣ, ಎನ್ನುತ್ತಿದ್ದ. ಇಷ್ಟು ವಯಸ್ಸಾಗಿ ಆ ಮಾತನ್ನು ನಂಬುತ್ತಿದ್ದೇನಲ್ಲ ಎಂದು ನಾಚಿಕೆಯಾಗುತ್ತಿತ್ತು. ನಾಚಿಕೆಯಾದರೂ ನಂಬುತ್ತಿದ್ದಳು. ನಿಜ ಹೇಳಬೇಕೆಂದರೆ ಅದಕ್ಕಿಂತ ಕೆಟ್ಟದ್ದೊಂದಿತ್ತು: ಬೆನ್ನಿಗೆ ಗುಂಡು ಬೀಳುವಾಗ ಎಲ್ಲೋ ಒಂದು ಮೂಲೆಯಲ್ಲಿ, ಬೀಳಲಿ, ನನಗೆ ಆಗಬೇಕಾದ್ದೇ, ಎಂದು ಅನ್ನಿಸುತ್ತಿತ್ತು.

ಹಲಗೆಯ ಓಣಿ ಮುಗಿದು ಸೇತುವೆ ಹತ್ತುವಾಗ ಕೆಳಗೆ ಒಂದು ಕ್ಲೋತೋಕ್ ದೋಣಿ ತನ್ನ ಹೆಸರನ್ನೇ ಕೂಗುತ್ತ ಹೋಯಿತು. ಅದರ ಅಲೆಗೆ ದಡದ ಕಂಬಗಳೆಲ್ಲ ಒಮ್ಮೆ ಮೈ ಅಲುಗಿಸಿದವು. ಅಮ್ಮ ಬಿದ್ದ ದಿನವೂ ಇದೇ ಹೊತ್ತು, ಮನೆಯಲ್ಲಿ ಕೂತು ಆಡುತ್ತಿದ್ದಳು. ಆಟ ಕೊನೆಗೆ ಬಂದಿತ್ತು, ತಂಡದಲ್ಲಿ ಅವಳೊಬ್ಬಳೇ ಉಳಿದಿದ್ದಳು, ಎದುರು ಇಬ್ಬರು. ಮೆಟ್ಟಿಲ ಮೇಲೆ ಒಬ್ಬನ ಬೂಟಿನ ಸಪ್ಪಳ ಎಷ್ಟು ಸ್ಪಷ್ಟವಾಗಿ ಕೇಳಿಸಿತ್ತೆಂದರೆ ಅವನು ಬಾಗಿಲಿಗೆ ಬರುವ ಮೊದಲೇ ಅವಳು ಬಂದೂಕು ಎತ್ತಿ ಕಾಯುತ್ತಿದ್ದಳು. ಅವನನ್ನು ಹೊಡೆದಳು. ಇನ್ನೊಬ್ಬನನ್ನೂ ಹೊಡೆದಳು. ಕುರ್ಚಿಯಲ್ಲೇ ಕುಣಿದಳು. ಆಗ ಯಾರೋ ಹಿಂದಿನಿಂದ ಅವಳ ಹೆಡ್‌ಫೋನಿನ ಒಂದು ಬದಿಯನ್ನು ಎರಡು ಬೆರಳಲ್ಲಿ ಹಿಡಿದು, ಹೆಂಚಿನ ಮೇಲಿನ ಬಿಸಿ ಮುಚ್ಚಳ ಎತ್ತುವ ಹಾಗೆ, ಕಿವಿಯಿಂದ ಎತ್ತಿದರು. ಪಕ್ಕದ ಮನೆಯ ರುಸ್ಮಿನಾ. ಅವಳ ಹಿಂದೆ ಅರ್ಧ ಓಣಿಯೇ ಮನೆಯೊಳಗೆ ನಿಂತಿತ್ತು, ನಡುವೆ ಕೆಸರು ಮೆತ್ತಿದ ಅಮ್ಮ, ನಾಲ್ಕು ಜನರ ಕೈಮೇಲೆ. ಅವರೆಲ್ಲ ಎಷ್ಟು ಹೊತ್ತಿನಿಂದ ಅಲ್ಲಿ ನಿಂತು ಅವಳು ಕುಣಿಯುವುದನ್ನು ನೋಡುತ್ತಿದ್ದರು? "ನಿನ್ನ ಹಿಂದೆ" ಎಂದಿದ್ದಳು ರುಸ್ಮಿನಾ. ಎರಡೇ ಮಾತು. ಅದರಲ್ಲಿ ಬೈಗುಳ ಇರಲಿಲ್ಲ, ಅಸಹ್ಯ ಇತ್ತು.

ಅಂಗಡಿಯಲ್ಲಿ ಫ್ಯಾನು ತಿರುಗುತ್ತಿತ್ತು, ಹುರಿದ ನೂಡಲ್ಸಿನ ವಾಸನೆ ಗಟ್ಟಿಯಾಗಿ ನಿಂತಿತ್ತು. ರಿಫಾನಿ ತನ್ನ ಎತ್ತರದ ಕುರ್ಚಿಯಲ್ಲಿ ಕಾಲು ಮಡಚಿ ಕೂತಿದ್ದ. ಮೊಬೈಲ್ ರಿಪೇರಿ ಮಾಡುವ ಅಸ್ಪಿಯಾನ್ ಅವನ ಎಡಕ್ಕೆ. ಬಲಕ್ಕೆ ರಿಫಾನಿಯ ತಮ್ಮ ತಟ್ಟೆಗೆ ತಲೆ ಬಗ್ಗಿಸಿ ತಿನ್ನುತ್ತಿದ್ದ. ಅವನು ಆಡುವುದಕ್ಕಿಂತ ತಿನ್ನುವುದೇ ಹೆಚ್ಚು, ಆದರೂ ಅವನ ಕುರ್ಚಿಯ ಬಗ್ಗೆ ಯಾರಿಗೂ ಅನುಮಾನ ಇರಲಿಲ್ಲ. ಮೂಲೆಯಲ್ಲಿ ಲೈಲಾ. ಕಾಲೇಜು ಓದುವ ಹುಡುಗಿ, ಹೋದ ತಿಂಗಳಷ್ಟೇ ಬಂದವಳು, ಚೆನ್ನಾಗಿ ಆಡುತ್ತಾಳೆ. ನಾಲ್ಕನೆಯ ಕುರ್ಚಿಯ ಆಸೆಯನ್ನು ರಿಫಾನಿ ಅವಳಿಗೂ ತೋರಿಸಿದ್ದಾನೆಂದು ಮಸ್ನಿಯಾಳಿಗೆ ಗೊತ್ತಿತ್ತು. ಆ ಹುಡುಗಿಯನ್ನು ಕಂಡರೆ ಹೊಟ್ಟೆಕಿಚ್ಚು. ಹೊಟ್ಟೆಕಿಚ್ಚು ಪಟ್ಟದ್ದಕ್ಕೆ ತನ್ನ ಮೇಲೇ ಬೇಸರ.

"ಬನ್ನಿ ಅಚಿಲ್, ನಿಮಗೇ ಕಾಯ್ತಾ ಇದ್ವಿ. ಗೋಡೆ ಬಿಕೋ ಅಂತಿತ್ತು," ಎಂದ ರಿಫಾನಿ.

ಎಲ್ಲರೂ ನಕ್ಕರು. ಮಸ್ನಿಯಾ ಮೂಲೆಯ ತನ್ನ ಮಾಮೂಲಿ ಕಂಪ್ಯೂಟರಿನ ಮುಂದೆ ಕೂತಳು. ಇವತ್ತು ಜಾಗ ಇಲ್ಲದ್ದರಿಂದ ಲೈಲಾ ಅವಳ ಪಕ್ಕದಲ್ಲೇ ಕೂತಿದ್ದಳು.

ಮೊದಲು ಪುರುನ್ ತೊಟ್ಟು ನಿಂತಳು. ಹಸಿರು ಗೋಡೆ, ಅದೇ ಬಿರುಕು. ಗೋದಾಮಿನ ನೆಲ ತಗಡಿನದು. ಪೀಪಾಯಿಯ ಪಕ್ಕ ರಿಫಾನಿ ಜಾಗ ಸರಿಮಾಡಿಕೊಂಡಾಗ ಬೂಟು ತಗಡಿಗೆ ತಾಗಿದ್ದು, ಅವನು ಬಂದೂಕಿಗೆ ಗುಂಡು ತುಂಬಿದ್ದು, ಉಸಿರು ಬಿಗಿಹಿಡಿದದ್ದು ಎಲ್ಲ ಕೇಳಿಸಿತು. ಗುಂಡು ಹೊರಡುವ ಮೊದಲೇ ಈಗ ಹೊಡೆಯುತ್ತಾನೆ ಎಂದು ಅವಳ ಬೆನ್ನಿಗೆ ಗೊತ್ತಾಯಿತು. ಓಡಬಹುದಿತ್ತು. ನಿಲ್ಲಬೇಕಾದ್ದು ನಿಯಮ, ನಿಂತಳು. ಒಂದೇ ಉಸಿರಿಗೆ ಮುಗಿಯಿತು. "ಚಾಪೆ ಹರೀತು!" ಎಂದು ಕೂಗಿದ ಅಸ್ಪಿಯಾನ್.

ಆಮೇಲೆ ಉಲಿನ್. ಅದನ್ನು ತೊಟ್ಟ ಕೂಡಲೇ ಸದ್ದೆಲ್ಲ ಅಡಗಿತು. ಹಿಂದಿನ ಸಲವೂ ಆಗಿತ್ತು, ಆಗ ತನ್ನ ಒಂಟಿ ಕಿವಿಯ ತಪ್ಪು ಎಂದುಕೊಂಡಿದ್ದಳು. ಇವತ್ತು ಯಾಕೋ ಮೊಂಡು ಹಿಡಿದು ಎಡಗಡೆಯದನ್ನೂ ಕಿವಿಗೆ ಎಳೆದುಕೊಂಡಳು. ಏನೂ ಇಲ್ಲ. ನೀರೊಳಗೆ ತಲೆ ಮುಳುಗಿಸಿದ ಹಾಗೆ ಗುಮ್ ಎನ್ನುವ ಒಂದು ಮೊರೆತ ಅಷ್ಟೆ. ಬೂಟಿಲ್ಲ, ಗುಂಡು ತುಂಬುವ ಸದ್ದಿಲ್ಲ, ಉಸಿರಿಲ್ಲ. ತಟ್ಟನೆ ಬೆನ್ನಿಗೆ ಬಡಿತ ಬೀಳಲು ಶುರುವಾಯಿತು, ಅಂಗಡಿಯಲ್ಲಿ ಎಣಿಕೆಯ ಪಲ್ಲವಿ ಏರಿತು, ಏರುತ್ತಲೇ ಹೋಯಿತು. ಉಲಿನ್ ತಡೆಯುತ್ತಿತ್ತು. ಎಷ್ಟು ಬೇಕಾದರೂ ತಡೆಯುತ್ತಿತ್ತು. ಎಲ್ಲಿಂದ ಹೊಡೆಯುತ್ತಿದ್ದಾರೆಂದು ಮಾತ್ರ ಒಳಗಿದ್ದವಳಿಗೆ ತಿಳಿಯುತ್ತಿರಲಿಲ್ಲ. ಈ ಕವಚ ತೊಟ್ಟು ಹೋದ ಪಂದ್ಯಗಳಲ್ಲೆಲ್ಲ ರಿಫಾನಿಯ ತಂಡ ಹಿಂದಿನಿಂದ ಹೊಡೆಸಿಕೊಂಡು ಸೋತದ್ದು ಅವಳಿಗೆ ಈಗ ನೆನಪಿಗೆ ಬಂತು. ಪ್ರತಿ ಸಲವೂ ಅವರು ನೆಟ್ಟನ್ನು ಬೈದಿದ್ದರು. ನೆಟ್ ನಿಧಾನ, ಅದಕ್ಕೇ ಕೇಳಿಸಲಿಲ್ಲ. ಅಂಗಡಿಯವನು ಪಾಪ ಪ್ರತಿ ಸಲವೂ ಎದ್ದು ತಂತಿ ಅಲುಗಿಸಿ ನೋಡುತ್ತಿದ್ದ. ಪಂದ್ಯದ ಗದ್ದಲದಲ್ಲಿ ಅವರಿಗೆ ಗೊತ್ತಾಗಿರಲಿಲ್ಲ, ಪರೀಕ್ಷೆಯ ಮೌನದಲ್ಲಿ ಅವರು ಒಂದು ದಿನವೂ ಒಳಗೆ ನಿಂತಿರಲಿಲ್ಲ.

"ನೋಡಿದ್ರಾ? ಉಲಿನ್ ಅಂದ್ರೆ ಉಲಿನ್!" ಎಂದ ರಿಫಾನಿ.

"ರಿಫಾನಿ, ಇದರೊಳಗೆ ಕಿವಿ ಕೇಳಲ್ಲ," ಎಂದಳು ಮಸ್ನಿಯಾ.

"ಯಾರಿಗೆ?"

"ತೊಟ್ಟವರಿಗೆ. ಹೆಜ್ಜೆ ಸಪ್ಪಳವೇ ಕೇಳಲ್ಲ. ಹಿಂದೆ ಬಂದು ನಿಂತರೂ ಗೊತ್ತಾಗಲ್ಲ."

ಅಸ್ಪಿಯಾನ್ ಪಕ್ಕನೆ ನಕ್ಕ. "ಅಚಿಲ್, ಒಂದು ಕಿವಿಗೆ ಹಾಕ್ಕೊಂಡು ಕೂತವರಿಗೆ ಅರ್ಧ ಊರೇ ಕೇಳಲ್ಲ!"

"ಎರಡಕ್ಕೂ ಹಾಕ್ಕೊಂಡಿದ್ದೆ."

"ಹಾಗಾದ್ರೆ ನೆಟ್ ನಿಧಾನ," ಎಂದ ತಟ್ಟೆಯಿಂದ ತಲೆ ಎತ್ತದೆ ರಿಫಾನಿಯ ತಮ್ಮ.

ರಿಫಾನಿ ಕುರ್ಚಿ ತಿರುಗಿಸಿದ. ದೊಡ್ಡವರಿಗೆ ತಿಳಿಹೇಳುವ ಮುಖ. "ಅಚಿಲ್, ನೀವು ಮನಸ್ಸಿಗೆ ಬಹಳ ಹಚ್ಕೊಂಡಿದೀರ. ಮನೇಲಿ ಆಗಿದ್ದು ನಮಗೆಲ್ಲ ಗೊತ್ತು. ಅಮ್ಮ ಕರೆದಿದ್ದು ಕೇಳಿಸಲಿಲ್ಲ ಅಂತ ಕವಚಕ್ಕೂ ಕಿವುಡು ಅಂತೀರಲ್ಲ. ಪಾಪ, ಆ ಕವಚ ಏನು ಮಾಡ್ತು? ಬನ್ನಿ, ಎಣಿಕೇಲಿ ಒಂದೆರಡು ತಪ್ಪಿದೆ ಅಂತಾನೆ ಅಸ್ಪಿಯಾನ್. ಇನ್ನೊಂದು ಸಲ ನಿಂತ್ಕೊಳ್ಳಿ. ಆಮೇಲೆ ನಿಮ್ಮ ಕುರ್ಚಿ ವಿಚಾರ."

ಯಾರೂ ನಗಲಿಲ್ಲ. ನಕ್ಕಿದ್ದರೆ ಚೆನ್ನಾಗಿತ್ತು. ಅವಳ ಕಿವಿ ಬಿಸಿಯಾಯಿತು. ಅವಳ ಮನೆಯ ಕೆಸರು, ಅವಳ ತಾಯಿಯ ಸೊಂಟ, ರುಸ್ಮಿನಾಳ ಎರಡು ಬೆರಳು, ಎಲ್ಲವೂ ಈ ಎಣ್ಣೆ ವಾಸನೆಯ ಅಂಗಡಿಯಲ್ಲಿ ಹಂಚಿ ತಿಂದ ತಿಂಡಿಯಾಗಿತ್ತು. ಇಷ್ಟು ದಿನ ಇವರ ಮುಂದೆ ಗೋಡೆಗೆ ನಿಂತದ್ದು ಕುರ್ಚಿಗಾಗಿ ಎಂದುಕೊಂಡಿದ್ದಳು. ಕುರ್ಚಿಗಲ್ಲ. ಅಮ್ಮ ಕೊಡದ ಶಿಕ್ಷೆಯನ್ನು ಈ ಪೋರರ ಕೈಯಲ್ಲಿ ಇಸಿದುಕೊಳ್ಳುತ್ತಿದ್ದಳು. ಅದೂ ಇವನಿಂದ, ಹಿಂದೆ ಯಾರು ಬಂದರೂ ಕೇಳಿಸದ ಈ ಮಹಾರಾಯನಿಂದ. ಅವಳಿಗೆ ಇದ್ದಕ್ಕಿದ್ದಂತೆ ಬಹಳ ಸಿಟ್ಟು ಬಂತು, ಆ ಸಿಟ್ಟು ಬಹಳ ಹಿತವಾಗಿತ್ತು.

"ನೀನು ನಿಂತ್ಕೋ," ಎಂದಳು.

"ಏನಂದ್ರಿ?"

"ಉಲಿನ್ ನಿನ್ನದೇ ತಾನೆ? ತೊಟ್ಕೊಂಡು ನಿಂತ್ಕೋ. ಈ ಸಲ ನಾನು ಹೊಡೀತೀನಿ."

"ನಾಯಕ ಗೋಡೆಗೆ ನಿಲ್ಲೋದಾ?" ಎಂದ ಅಸ್ಪಿಯಾನ್.

"ಯಾಕೆ, ಗೋಡೆ ಒಪ್ಪಲ್ವಾ?"

ಲೈಲಾ ಕಿಸಕ್ಕನೆ ನಕ್ಕು ಬಾಯಿ ಮುಚ್ಚಿಕೊಂಡಳು. ರಿಫಾನಿ ಅವಳತ್ತ ನೋಡಿದ, ಮಸ್ನಿಯಾಳತ್ತ ನೋಡಿದ, ಆಮೇಲೆ ದೊಡ್ಡ ಮನಸ್ಸು ಮಾಡಿದವನಂತೆ ಕೈಚೆಲ್ಲಿದ. "ಆಯ್ತು ಅಚಿಲ್, ನಿಮ್ಮ ಖುಷಿಗೆ." ದಪ್ಪ ಹೆಡ್‌ಫೋನನ್ನು ಎರಡೂ ಕಿವಿಗೆ ಒತ್ತಿಕೊಂಡು, ಉಲಿನ್ ತೊಟ್ಟು, ಹಸಿರು ಗೋಡೆಗೆ ಮುಖ ಮಾಡಿ ನಿಂತ. ಎಲ್ಲರೂ ಅಭ್ಯಾಸದಂತೆ ಹೊಡೆಯುವವರ ಕುರ್ಚಿಯ ಹಿಂದೆ ಬಂದರು. ಅಂದರೆ ಮಸ್ನಿಯಾಳ ಹಿಂದೆ. ಮೊದಲ ಸಲ ಅವಳ ಪರದೆಯನ್ನು ಅಷ್ಟು ಕಣ್ಣುಗಳು ನೋಡುತ್ತಿದ್ದವು.

ಅವಳು ಪೀಪಾಯಿಯ ಪಕ್ಕ ನಿಂತಳು. ರಿಫಾನಿಯ ಬೆನ್ನು ಅಗಲವಾಗಿ, ಕಪ್ಪಗೆ, ಸುಮ್ಮನೆ ಇತ್ತು. ಹೊಡೆಯಬಹುದಿತ್ತು, ಎಣಿಕೆಗೆ ಎಲ್ಲರ ಬಾಯಿಯೂ ತೆರೆದಿತ್ತು. ಅವಳು ಹೊಡೆಯಲಿಲ್ಲ. ಪೀಪಾಯಿ ಬಿಟ್ಟು ಅವನತ್ತ ಹೊರಟಳು. ಮೆತ್ತಗಲ್ಲ, ಓಡುತ್ತ, ತಗಡಿನ ನೆಲ ಧಡಧಡ ಎನ್ನುವಂತೆ. ಆಟದ ಅದೇ ಗೋದಾಮಿನಲ್ಲಿ ತನ್ನ ಆಳನ್ನು ನಿಲ್ಲಿಸಿದ್ದ ಲೈಲಾಳ ಕಂಪ್ಯೂಟರಿಗೂ ಆ ಸಪ್ಪಳ ಕೇಳಿಸುತ್ತಿತ್ತು. ಅವಳ ಕೊರಳಲ್ಲಿ ನೇತಾಡುತ್ತಿದ್ದ ಹೆಡ್‌ಫೋನಿನಿಂದ ಕೂಡ ಧಡಧಡ ಹೊರಗೆ ಬಂತು. ಓಣಿಯ ಹಲಗೆಯ ಮೇಲೆ ಯಾರೋ ಜಗಳಕ್ಕೆ ಬಂದ ಹಾಗಿತ್ತು. ಮಸ್ನಿಯಾ ರಿಫಾನಿಯ ಬೆನ್ನಿಗೆ ಮೂಗು ತಾಗುವಷ್ಟು ಹತ್ತಿರ ಹೋಗಿ ನಿಂತಳು. ಅಲ್ಲಿ ಎಗರಿದಳು. ಮತ್ತೆ ಎಗರಿದಳು.

"ಹೊಡೀರಿ ಅಚಿಲ್," ಎಂದ ರಿಫಾನಿ, ಹೆಡ್‌ಫೋನ್ ಹಾಕಿಕೊಂಡವರು ಮಾತಾಡುವ ಆ ಜೋರು ದನಿಯಲ್ಲಿ. "ಕೈ ನಡುಗ್ತಾ ಇದ್ಯಾ?"

ಅಸ್ಪಿಯಾನ್ ಏನೋ ಹೇಳಲು ಬಾಯಿ ತೆರೆದವನು ಹಾಗೇ ಮುಚ್ಚಿದ. ತಮ್ಮನ ಚಮಚ ಗಾಳಿಯಲ್ಲಿ ನಿಂತಿತ್ತು.

"ಇನ್ನೂ ಪೀಪಾಯಿ ಹತ್ರಾನೇ ಇದೀರಾ? ಎಷ್ಟೊತ್ತು ಗುರಿ ಹಿಡೀತೀರಿ?"

ಮಸ್ನಿಯಾ ಕುರ್ಚಿಯಿಂದ ಎದ್ದಳು. ಆಟದಲ್ಲಿ ಅವಳು ಅವನ ಬೆನ್ನ ಹಿಂದೆಯೇ ನಿಂತಿದ್ದಳು. ಅಂಗಡಿಯಲ್ಲೂ ಕಂಪ್ಯೂಟರುಗಳ ಸಾಲನ್ನು ಸುತ್ತಿಕೊಂಡು ಅವನ ಬೆನ್ನ ಹಿಂದೆ ಬಂದು ನಿಂತಳು. ಅವನ ಪರದೆಯಲ್ಲಿ ಗೋಡೆ ಇತ್ತು. ಆ ಬಿರುಕು ಇತ್ತು. ಅವನ ಕುತ್ತಿಗೆಯ ಹಿಂದೆ ಬೆವರಿನ ಒಂದು ಗೆರೆ ಇಳಿಯುತ್ತಿತ್ತು, ಎಷ್ಟು ಎಳೆಯ ಕುತ್ತಿಗೆ ಎನ್ನಿಸಿತು. ಕನಿಕರ ಬರಬಹುದಿತ್ತು, ಅವಳು ಬರಗೊಡಲಿಲ್ಲ. ಹೆಡ್‌ಫೋನಿನ ಒಂದು ಬದಿಯನ್ನು ಎರಡು ಬೆರಳಲ್ಲಿ ಹಿಡಿದು ಎತ್ತಿದಳು.

"ನಿನ್ನ ಹಿಂದೆ," ಎಂದಳು.

ಅವನು ಬೆಚ್ಚಿಬಿದ್ದ ರಭಸಕ್ಕೆ ಕುರ್ಚಿ ಹಿಂದಕ್ಕೆ ಸರಿಯಿತು. ಲೈಲಾ ಈ ಸಲ ಬಾಯಿ ಮುಚ್ಚಿಕೊಳ್ಳಲಿಲ್ಲ, ಗಟ್ಟಿಯಾಗಿಯೇ ನಕ್ಕಳು. ರಿಫಾನಿಯ ಮುಖ ಹುಳ್ಳಗಾಯಿತು, ಆಮೇಲೆ ಕೆಂಪಾಯಿತು.

"ಇದು ಪರೀಕ್ಷೆ ಅಲ್ಲ," ಎಂದ. "ನಿಂತವರಿಗೆ ಹೊಡಿಯೋದು ಪರೀಕ್ಷೆ. ಎಷ್ಟು ಗುಂಡು ತಡೀತು ಅನ್ನೋದು ಲೆಕ್ಕ. ಹಿಂದೆ ಬಂದು ಕುಣಿಯೋದಲ್ಲ."

"ನಾಳೆ ಎದುರಿನವರು ಪೀಪಾಯಿ ಪಕ್ಕ ನಿಂತು ಹೊಡೀತಾರಾ?"

"ಅಚಿಲ್, ನಿಮಗೆ ತಂಡದಲ್ಲಿ ಇರ್ಬೇಕಾ ಬೇಡ್ವಾ?"

ಇಷ್ಟು ದಿನ ಈ ಪ್ರಶ್ನೆಗೆ ಹೆದರಿ ಬದುಕಿದ್ದಳು. ಬಂದಾಗ ನೋಡಿದರೆ ಇಷ್ಟೇ ಇಷ್ಟಿತ್ತು.

"ಇರ್ಬೇಕು," ಎಂದಳು. "ಇವತ್ತೂ ಇರ್ಬೇಕು ಅಂತಾನೇ ಬಂದೆ. ನಿಮ್ಮಲ್ಲಿ ಇಬ್ಬರಿಗಿಂತ ಚೆನ್ನಾಗಿ ಆಡ್ತೀನಿ, ಅದು ನಿನಗೂ ಗೊತ್ತು. ಆದ್ರೆ ಗೋಡೆಗೆ ಇನ್ನು ನಿಲ್ಲಲ್ಲ."

"ಗೋಡೆಗೆ ನಿಲ್ಲದವರು ನನ್ನ ತಂಡದಲ್ಲಿಲ್ಲ."

"ಹಾಗಾದ್ರೆ ಇಲ್ಲ."

"ಸರಿ. ನಾಳೆ ಉಲಿನ್, ತೀರ್ಮಾನ ಆಯ್ತು. ಲೈಲಾ, ನಾಲ್ಕನೇ ಕುರ್ಚಿ ನಿಂದು. ಎಣಿಕೆ ಮುಗಿಸೋಣ, ಹೋಗಿ ನಿಂತ್ಕೋ."

ಲೈಲಾ ಕೊರಳಿನಿಂದ ಹೆಡ್‌ಫೋನ್ ತೆಗೆದು ಮೇಜಿನ ಮೇಲೆ ಮೆಲ್ಲಗೆ ಇಟ್ಟಳು. "ನಾನೂ ನಿಲ್ಲಲ್ಲ, ಕಾ ರಿಫಾನಿ," ಎಂದಳು, ಅಣ್ಣನಿಗೆ ಕೊಡುವ ಮರ್ಯಾದೆಯನ್ನು ಒಂದಿಷ್ಟೂ ಕಡಿಮೆ ಮಾಡದೆ.

ರಿಫಾನಿ ಅಸ್ಪಿಯಾನ್ ಕಡೆ ತಿರುಗಿದ. ಅಸ್ಪಿಯಾನಿಗೆ ಅಸರ್ ನಮಾಜಿನ ಹೊತ್ತಾದದ್ದು ತಟ್ಟನೆ ನೆನಪಾಯಿತು. ಅಷ್ಟು ಭಕ್ತಿಯಿಂದ ಅವನು ಎದ್ದದ್ದನ್ನು ಅಂಗಡಿಯಲ್ಲಿ ಯಾರೂ ಕಂಡಿರಲಿಲ್ಲ. ತಮ್ಮ ಖಾಲಿ ತಟ್ಟೆಯನ್ನೇ ಮತ್ತೆ ಕೆರೆಯತೊಡಗಿದ. ಪರದೆಯ ಮೇಲೆ ಹಸಿರು ಗೋಡೆಯ ಮುಂದೆ ರಿಫಾನಿಯ ಉಲಿನ್ ತೊಟ್ಟ ಆಳು ಒಬ್ಬನೇ ಇನ್ನೂ ನಿಂತಿದ್ದ.

ಹೊರಗೆ ಬಿಸಿಲು ಹೊಳೆಯ ಮೇಲೆ ಬಗ್ಗಿತ್ತು. ಸೇತುವೆಯ ಮೇಲೆ ಲೈಲಾ ಹಿಂದಿನಿಂದ ಓಡಿಬಂದಳು. ಅವಳು ಬರುತ್ತಿರುವುದು ಮಸ್ನಿಯಾಳಿಗೆ ತಿರುಗಿ ನೋಡದೆಯೇ ಗೊತ್ತಾಯಿತು. ಕುರ್ಚಿಗೆ ಬಂದ ಹುಡುಗಿ ಕುರ್ಚಿ ಬಿಟ್ಟು ಬಂದಳಲ್ಲ ಎಂಬ ಹಿಗ್ಗನ್ನು ಮುಚ್ಚಿಕೊಳ್ಳಲು ಮುಖ ಗಂಟಿಕ್ಕಿದಳು.

"ನಿನಗ್ಯಾಕಿತ್ತು ಉಸಾಬರಿ? ಆಡಬಹುದಿತ್ತಲ್ಲ ನಾಳೆ."

"ನಾನು ನಿಮ್ಮ ಪಕ್ಕದಲ್ಲೇ ಕೂತಿದ್ನಲ್ಲ ಅಚಿಲ್. ನಿಮ್ಮ ಪರದೆ ನೋಡ್ತಿದ್ದೆ. ಬರೀ ಗೋಡೆ!" ಲೈಲಾ ಏದುಸಿರು ಬಿಡುತ್ತಿದ್ದಳು. "ನಾಳೆ ಹೋದ್ರೆ ಹೋಯ್ತು. ಇವತ್ತು ಸಂಜೆ ಕಾ ರಿಫಾನಿ ತಂಡದವರು ಅಭ್ಯಾಸಕ್ಕೆ ಇಳೀತಾರೆ, ಯಾರು ಬೇಕಾದ್ರೂ ಎದುರು ಬರಬಹುದು ಅಂತ ಹಾಕಿದಾರೆ. ನಾವಿಬ್ಬರೇ ಹೋಗೋಣ್ವಾ? ಪುರುನ್ ತೊಟ್ಕೊಂಡು?"

"ಚಾಪೆ ಸುತ್ಕೊಂಡು?"

"ಹೂಂ, ಚಾಪೆ ಸುತ್ಕೊಂಡು."

ಓಣಿಯ ಹಲಗೆಗಳ ಮೇಲೆ ಮಸ್ನಿಯಾ ನಡೆದಳು. ಪುರುನ್ ಗುಂಡು ತಡೆಯುವುದಿಲ್ಲ, ನಿಜ. ಅದರಲ್ಲಿ ಸಾಯುವುದು ಸುಲಭ. ಆದರೆ ಗುಂಡು ಬರುತ್ತಿದೆ ಎಂದು ಅದು ತಿಳಿಯಗೊಡುತ್ತದೆ. ಎರಡರಲ್ಲಿ ಯಾವುದು ಮೇಲು ಎಂದು ಯಾರಾದರೂ ಕೇಳಿದರೆ ಅವಳು ಈಗ ಹೇಳಬಲ್ಲಳು, ನಿಂತಿರುವವರಿಗೆ ಉಲಿನ್, ಓಡುವವರಿಗೆ ಪುರುನ್ ಎಂದು. ಯಾರೂ ಕೇಳುವುದಿಲ್ಲ. ನಾಳೆ ಅವರು ಅವಳಿಲ್ಲದೆ ಗೆಲ್ಲಲೂಬಹುದು. ಆ ಯೋಚನೆ ಬಂದಾಗ ಎದೆಯಲ್ಲಿ ಚುರುಕ್ಕೆಂದಿತು, ಚುರುಕ್ಕೆನ್ನಲಿ ಎಂದುಕೊಂಡಳು. ಹೊಸ ಹಲಗೆಯ ಮೇಲೆ ಕಾಲಿಟ್ಟಳು. ಅದು ಕುಯ್ ಎಂದಿತು.

"ಯಾರಿಗೆ ಹೊಡೆದು ಬಂದೆ?" ಎಂದಳು ಅಮ್ಮ ಒಳಗಿನಿಂದ.

"ಯಾಕೆ?"

"ನಡಿಗೆ ಹಾಗಿದೆ. ಹಲಗೆ ಮುರೀತೀಯ. ಕುರ್ಚಿ ಸಿಕ್ತಾ?"

"ಇಲ್ಲ."

"ಮತ್ತೆ?"

"ಗೋಡೆಗೆ ನಿಲ್ಲಲ್ಲ ಅಂದೆ."

ಅಮ್ಮ ಹೂಂ ಎಂದಳು. ಮಸ್ನಿಯಾ ಬಾಗಿಲಲ್ಲೇ ನಿಂತಿದ್ದಳು, ಒಂದು ಕಾಲು ಇನ್ನೂ ಹಲಗೆಯ ಮೇಲೆ. ಬಾಯಿಂದ ಮಾತು ತಾನಾಗಿ ಹೊರಬಂತು, ಅಳುವಿನ ಹಾಗಲ್ಲ, ಜಗಳದ ಹಾಗೆ. "ಅವತ್ತು ನೀನು ಕರೆದಿದ್ದು ನನಗೆ ಕೇಳಿಸಲಿಲ್ಲ, ಅಮ್ಮ."

"ಗೊತ್ತು."

"ಗೊತ್ತಿದ್ದು ಸುಮ್ಮನೆ ಯಾಕಿದ್ದೆ ಇಷ್ಟು ದಿನ?"

"ನೀನು ಹೇಳ್ತೀಯೇನೋ ಅಂತ ನಾನು, ನಾನು ಬೈತೀನೇನೋ ಅಂತ ನೀನು." ಅಮ್ಮ ಕುರ್ಚಿಯಲ್ಲಿ ಸೊಂಟ ಸರಿಮಾಡಿಕೊಂಡು ಒಮ್ಮೆ ನರಳಿದಳು. "ಕರೆದೆ ಕಣೇ. ಬರಲಿಲ್ಲ ನೀನು. ಸಿಟ್ಟು ಬಂದಿತ್ತು, ಈಗಲೂ ಒಂದೊಂದು ಸಲ ಬರುತ್ತೆ. ಬರಲಿ ಬಿಡು, ನನ್ನ ಸಿಟ್ಟು ನಂದು. ಆಮೇಲೆ ನಾನು ಆ ಹಲಗೆ ಹಾಕಿದವನ ವಂಶಾನೇ ಬೈತಾ ಬಿದ್ದಿದ್ದೆ. ಅದನ್ನ ಕೇಳಿಸ್ಕೊಂಡಿದ್ರೆ ನಿನ್ನ ಕಿವಿ ಕೊಳೆತು ಬೀಳ್ತಿತ್ತು."

ಮಸ್ನಿಯಾ ನಕ್ಕಳೋ ಅತ್ತಳೋ ಅವಳಿಗೇ ತಿಳಿಯಲಿಲ್ಲ. ಮುಖ ತೊಳೆದುಕೊಂಡು ಬಂದಳು. ಅಮ್ಮನಿಗೆ ಊಟ ಬಡಿಸಿದಳು, ಮೀನು ಸರಿಯಾಗಿ ಹುರಿದಿಲ್ಲ ಎನಿಸಿಕೊಂಡಳು. ಸಂಜೆ ಮಗ್ರಿಬ್ ನಮಾಜು ಮುಗಿದ ಮೇಲೆ ಹಳೆಯ ಲ್ಯಾಪ್‌ಟಾಪನ್ನು ಅಮ್ಮನ ಕುರ್ಚಿಯ ಎದುರಿಗೇ ಇಟ್ಟು ಕೂತಳು. ಲೈಲಾ ಆಗಲೇ ಆಟದೊಳಗೆ ಬಂದು ಕಾಯುತ್ತಿದ್ದಳು. ಮಸ್ನಿಯಾ ಹೆಡ್‌ಫೋನ್ ಹಾಕಿಕೊಂಡಳು. ಕೈ ಅಭ್ಯಾಸದಂತೆ ಎಡಗಡೆಯದನ್ನು ಕೆನ್ನೆಯ ಮೇಲಕ್ಕೆ ತಳ್ಳಿತು.

"ಎರಡೂ ಕಿವಿಗೆ ಹಾಕ್ಕೋ," ಎಂದಳು ಅಮ್ಮ.

"ನೀನು ಕರೆದ್ರೆ?"

"ನನ್ನ ಕೈಗೆ ಚಪ್ಪಲಿ ಎಟುಕುತ್ತೆ. ಎಸೀತೀನಿ."

ಅವಳು ಎರಡೂ ಕಿವಿಗೆ ಹಾಕಿಕೊಂಡಳು. ಗಾಳಿಯ ಸದ್ದು ಬಂತು, ದೂರದಲ್ಲೆಲ್ಲೋ ನೀರು ತೊಟ್ಟಿಕ್ಕಿತು, ಪಕ್ಕದಲ್ಲಿ ಲೈಲಾಳ ಹಗುರ ಹೆಜ್ಜೆ. ಎಡಕ್ಕೆ ಎಡ, ಬಲಕ್ಕೆ ಬಲ, ಎಲ್ಲ ತಂತಮ್ಮ ಜಾಗದಲ್ಲಿದ್ದವು. ಬಾಗಿಲ ಮರೆಯಲ್ಲಿ ನಿಂತು ಅವಳು ಕಿವಿಗೊಟ್ಟಳು. ಸ್ವಲ್ಪ ಹೊತ್ತಿಗೆ ಎಡಗಡೆಯ ಮೆಟ್ಟಿಲ ಮೇಲೆ ಭಾರದ ಹೆಜ್ಜೆ ಕೇಳಿಸಿತು, ಉಲಿನ್ ತೊಟ್ಟವರ ಹೆಜ್ಜೆ, ಯಾವ ಅನುಮಾನವೂ ಇಲ್ಲದೆ ಏರಿ ಬರುತ್ತಿತ್ತು. ಮಸ್ನಿಯಾ ಬಂದೂಕು ಎತ್ತಿ, ಅವನು ದಾಟಿ ಮುಂದೆ ಹೋಗುವವರೆಗೂ ಕಾದು, ಮರೆಯಿಂದ ಹೊರಗೆ ಬಂದು ಧಡಧಡ ಸದ್ದು ಮಾಡುತ್ತಲೇ ಅವನ ಹಿಂದೆ ನಡೆದಳು.